ಕಾಲುಚೀಲದ ಕಲ್ಲು

ವೇಲ್ಸ್ ದೇಶದ ನಡುಭಾಗದ ಗುಡ್ಡಗಾಡಿನಲ್ಲಿ ಲಾನ್‌ನೆಸ್ಟಾ ಎಂಬ ಊರಿದೆ. ಊರೆಂದರೆ ಹದಿನಾಲ್ಕು ಮನೆ, ಒಂದು ಕಲ್ಲುಸೇತುವೆ, ಸೇತುವೆಯಾಚೆ ಒಂದು ಚರ್ಚು, ಅಷ್ಟೇ. ಬಸ್ಸು ವಾರಕ್ಕೆ ಎರಡು ಸಲ ಬರುತ್ತದೆ. ಮಳೆ ಅದಕ್ಕಿಂತ ನಿಯಮಿತವಾಗಿ ಬರುತ್ತದೆ. ಅಲ್ಲಿಯವರ ಮಾತಿನಲ್ಲಿ ‘ಲಾನ್’ ಎಂದರೆ ಪ್ರಾರ್ಥನೆಗೆಂದು ಸುತ್ತುಗೋಡೆ ಹಾಕಿ ಬೇರೆ ಮಾಡಿದ ನೆಲ. ನೆಸ್ಟಾ ಎಂಬ ಸನ್ಯಾಸಿನಿ ಬಹಳ ಪುರಾತನ ಕಾಲದಲ್ಲಿ ಇಲ್ಲಿಯ ಹೊಳೆಯ ದಡದಲ್ಲಿ ಗುಡಿಸಲು ಕಟ್ಟಿಕೊಂಡು ದೇವರ ಧ್ಯಾನದಲ್ಲಿ ಆಯುಸ್ಸು ಸವೆಸಿದಳಂತೆ. ಊರಿಗೆ ಅವಳದೇ ಹೆಸರು. ಚರ್ಚಿನೊಳಗೆ ನಲವತ್ತು ಜನ ಕೂತರೆ ಭುಜಕ್ಕೆ ಭುಜ ತಾಗುತ್ತದೆ. ಬಾಗಿಲ ಪಕ್ಕದ ಗೋಡೆಗೆ ಮರದ ಒಂದು ಉದ್ದನೆಯ ಇಕ್ಕಳ ತೂಗುಹಾಕಿದ್ದಾರೆ. ಹಿಂದೆಲ್ಲ ಕುರಿಗಾಹಿಗಳು ನಾಯಿಗಳನ್ನೂ ಆರಾಧನೆಗೆ ಕರೆತರುತ್ತಿದ್ದರು. ಅವು ಒಳಗೆ ಜಗಳಕ್ಕೆ ಬಿದ್ದರೆ ಕೊರಳಿಗೆ ಈ ಇಕ್ಕಳ ಹಾಕಿ ಹೊರಗೆ ಸಾಗಿಸುತ್ತಿದ್ದರು. ಚರ್ಚಿನ ಬೀಗದಕೈ ಇಟ್ಟುಕೊಂಡಿರುವ ಮೈರ್ವೆನ್ ಎಂಬ ವೃದ್ಧೆ ಇದನ್ನೆಲ್ಲ ತೋರಿಸಿ, ಕಾಲಲ್ಲಿ ಶಕ್ತಿಯಿದ್ದರೆ ಮೇಲಿನ ಕಲ್ಲನ್ನೂ ನೋಡಿಬನ್ನಿ ಎನ್ನುತ್ತಾಳೆ. ಚರ್ಚಿನ ಹಿಂದಿನ ದಾರಿ ಹಿಡಿದು ಮುಕ್ಕಾಲು ಗಂಟೆ ಏರಿದರೆ ಬೋಳು ಬೆಟ್ಟದ ಇಳಿಜಾರಿನಲ್ಲಿ, ಎದೆಮಟ್ಟದ ಒಂದು ಕಲ್ಲು ಸಿಗುತ್ತದೆ. ಅದರ ಹೆಸರು ‘ಕಾರೆಗ್ ಅರ್ ಹೋಸನ್’, ಎಂದರೆ ಕಾಲುಚೀಲದ ಕಲ್ಲು. ನೋಡಿದವರು ಅದರಲ್ಲಿ ಪಾದದ ಆಕಾರ ಹುಡುಕುತ್ತಾರೆ, ಹಿಮ್ಮಡಿ ಹುಡುಕುತ್ತಾರೆ. ಏನೂ ಸಿಗುವುದಿಲ್ಲ. ಹೆಸರು ಕಲ್ಲಿನ ಆಕಾರದಿಂದ ಬಂದದ್ದಲ್ಲ.

ಹಿಂದೆ ಒಮ್ಮೆ, ಈಗಿನವರ ಮುತ್ತಜ್ಜನ ಮುತ್ತಜ್ಜನಿಗಿಂತ ಮುಂಚೆ, ಈ ಇಳಿಜಾರು ಬ್ರಿನ್ ಎಂಬ ಮನೆಯವರ ಪಾಲಿನದಾಗಿತ್ತು. ಹೊಳೆಯಾಚೆಯ ಇಳಿಜಾರು ಕೂಮ್ ಮನೆಯವರದು. ನಡುವೆ ಬೇಲಿಯಿಲ್ಲ, ಗೋಡೆಯಿಲ್ಲ. ಆ ಬೆಟ್ಟಗಳ ಕುರಿಗಳಿಗೆ ಬೇಲಿ ಬೇಕಾಗಿಯೂ ಇರಲಿಲ್ಲ. ತಾಯಿಕುರಿ ತಾನು ಮೇಯುವ ಸೀಮೆಯನ್ನು ಬಲ್ಲದು; ಮರಿ ತಾಯಿಯ ಹಿಂದೆ ಓಡಾಡುತ್ತ ಅದನ್ನು ಕಲಿಯುತ್ತದೆ; ಮುಂದೆ ತನ್ನ ಮರಿಗೆ ಕಲಿಸುತ್ತದೆ. ಈ ಅರಿವನ್ನೂ ಆ ನೆಲವನ್ನೂ ಅವರು ‘ಕನೆವಿನ್’ ಎಂಬ ಒಂದೇ ಮಾತಿನಿಂದ ಕರೆಯುತ್ತಾರೆ. ಮನೆ ಕೈಬದಲಾದರೂ ಮಂದೆ ಆ ಬೆಟ್ಟದಲ್ಲೇ ಉಳಿಯುತ್ತದೆ. ಯಾವ ಪಾಠಶಾಲೆಯೂ ಇಲ್ಲದೆ ಇಷ್ಟು ತಲೆಮಾರು ನಡೆದುಬಂದ ಈ ವಿದ್ಯೆಯನ್ನು ನೋಡಿದರೆ, ಕರ್ತನು ತನ್ನನ್ನು ಕುರುಬನೆಂದು ಕರೆದುಕೊಂಡದ್ದು ಎಷ್ಟು ತಿಳಿದು ಆಡಿದ ಮಾತು ಎನ್ನಿಸುತ್ತದೆ.

ಬ್ರಿನ್ ಮನೆಯ ಯಜಮಾನ ಇಥೆಲ್ ಎಂಬ ಮುದುಕ. ಅವನ ಮಗ ದನದ ವ್ಯಾಪಾರಿಗಳ ಜೊತೆ ಪರದೇಶಕ್ಕೆ ಹೋಗಿ ಜ್ವರದಿಂದ ತೀರಿಕೊಂಡಿದ್ದ. ಮನೆಯಲ್ಲಿ ಉಳಿದವರು ಮುದುಕ ಮತ್ತು ಸೊಸೆ ಲೌರಿ. ಮಗ ಹೋದ ಮೇಲೆ ತವರಿಗೆ ಬಾ ಎಂದು ಅವಳ ಅಣ್ಣಂದಿರು ಎರಡು ಸಲ ಬಂದು ಕರೆದರೂ ಅವಳು ಹೋಗಿರಲಿಲ್ಲ. ಆ ಬೆಟ್ಟದ ಗಾಳಿ, ಆ ಒಲೆ, ಬೈಗುಳದಲ್ಲೇ ಪ್ರೀತಿ ತೋರುವ ಆ ಮುದುಕ, ಇಷ್ಟೇ ಅವಳ ಮನೆ. ಹೀಗಿರುವಾಗ ಒಂದು ಚಳಿಗಾಲದಲ್ಲಿ ಹಿಮ ಹನ್ನೊಂದು ದಿನ ಎಡೆಬಿಡದೆ ಸುರಿಯಿತು. ಕೂಮ್ ಮನೆಯ ಮಂದೆ ತಗ್ಗಿನಲ್ಲಿದ್ದು ಬದುಕಿತು. ಬ್ರಿನ್ ಮನೆಯದು ಎತ್ತರದಲ್ಲಿ ಹೂತುಹೋಯಿತು. ಇಥೆಲ್ ಉದ್ದನೆಯ ಕೋಲಿನಿಂದ ಹಿಮ ಚುಚ್ಚಿ ಚುಚ್ಚಿ ಹುಡುಕಿದ. ಒಂದು ಜೀವವೂ ಸಿಗಲಿಲ್ಲ. ಮನೆಗೆ ಮರಳಿದಾಗ ಅವನ ಬಲಪಾದ ಕಪ್ಪಾಗಿತ್ತು. ಮೂಳೆ ಕಟ್ಟುವವನು ಬಂದು ಅದನ್ನು ಕಣಕಾಲಿನ ಮೇಲೆ ಕತ್ತರಿಸಿ ತೆಗೆಯಬೇಕಾಯಿತು. ಅಲ್ಲಿಂದ ಮುಂದೆ ಲೌರಿ ಅವನಿಗೆ ಒಂಟಿ ಕಾಲುಚೀಲವನ್ನೇ ಹೆಣೆಯುತ್ತಿದ್ದಳು. ಆ ಊರಿನ ಹೆಂಗಸರು ನಡೆಯುವಾಗಲೂ ನಿಂತಾಗಲೂ ಮಾತಾಡುವಾಗಲೂ ಉಣ್ಣೆ ಹೆಣೆಯುವವರು. ಕಡ್ಡಿಯಿಲ್ಲದ ಕೈ ಅವರಿಗೆ ಬರಿಗೈಯೇ.

ಮಂದೆ ಹೋದದ್ದಕ್ಕಿಂತ ದೊಡ್ಡ ಆತಂಕ ಇನ್ನೊಂದಿತ್ತು. ಬೆಟ್ಟದ ಪಾಲು ಕುರಿಗಳಿಗೆ ಅಂಟಿಕೊಂಡದ್ದು. ಅಲ್ಲಿಯೇ ನೆಲೆನಿಂತ ಮಂದೆ ಮೂರು ಬೇಸಿಗೆಯೊಳಗೆ ಕಾಣದಿದ್ದರೆ ಪಾಲು ಪಕ್ಕದವರಿಗೆ ಹೋಗುತ್ತದೆ ಎಂಬುದು ಆ ಸೀಮೆಯ ಹಳೆಯ ಕಟ್ಟಳೆ. ಪಾಲು ಹೋದರೆ ಬ್ರಿನ್ ಮನೆ ಬರೀ ಗೋಡೆ. ಮುದುಕನೂ ಸೊಸೆಯೂ ಊರು ಬಿಡಬೇಕು. ಜಮೀನ್ದಾರನ ಪಾರುಪತ್ಯಗಾರ ಬಂದು ಈ ಮಾತನ್ನು ಮೆತ್ತಗೆ, ಆದರೆ ಸ್ಪಷ್ಟವಾಗಿ ಹೇಳಿಹೋದ. ಮೂರನೆಯ ಬೇಸಿಗೆಯಲ್ಲಿ ಸಂತ ನೆಸ್ಟಾಳ ಹಬ್ಬದ ದಿನ ತಾನು ಬಂದು ನೋಡುವುದಾಗಿಯೂ, ಆ ಹೊತ್ತಿಗೆ ಮನುಷ್ಯನಾಗಲಿ ನಾಯಿಯಾಗಲಿ ಕಾಯದೆ ಮಂದೆ ತಾನಾಗಿ ತನ್ನ ಸೀಮೆಯಲ್ಲಿ ನಿಲ್ಲಬೇಕೆಂದೂ ತಿಳಿಸಿದ.

ಇಲ್ಲಿ ಇಥೆಲ್ ಒಂದು ತಪ್ಪು ಮಾಡಿದ. ದೂರದ ಸಂತೆಯಿಂದ, ಮೂರು ಬೆಟ್ಟದಾಚೆಯಿಂದ ಕುರಿ ತರಿಸಬೇಕಿತ್ತು. ಅವನು ಕೂಮ್ ಮನೆಯ ಐನಿಯನ್‌ನಿಂದ ಕೊಂಡ. ಆ ಕಣಿವೆಯಲ್ಲಿ ಒಳ್ಳೆಯ ತಳಿ ಅವನದೇ. ಒಂಟಿಕಾಲಿನವನಿಗೆ ದೂರ ಹೋಗುವುದೂ ಆಗದು. ಎಲ್ಲಕ್ಕಿಂತ ಹೆಚ್ಚಾಗಿ, ತನ್ನ ಬೆಟ್ಟದ ಹುಲ್ಲಿನ ಮೇಲೆ ಅವನಿಗೆ ವಿಪರೀತ ಹೆಮ್ಮೆ. ಐನಿಯನ್ ಒರಟು ಮಾತಿನವನು, ಮೋಸದವನಲ್ಲ. ಕೊಡುವ ಮೊದಲೇ ಹೇಳಿದ:

“ಇಥೆಲಜ್ಜ, ನಿನ್ನ ಬೆಟ್ಟದಲ್ಲಿ ನಿಂತರೆ ನನ್ನ ಒಲೆಯ ಹೊಗೆ ಕಾಣುತ್ತದೆ. ಇವು ಅದನ್ನು ನೋಡಿಕೊಂಡು ಮನೆಗೆ ಬಂದುಬಿಡುತ್ತವೆ.”

“ನನ್ನ ಹುಲ್ಲು ಒಂದು ಸಲ ಬಾಯಿಗೆ ಹತ್ತಲಿ, ನಿನ್ನ ಹೊಗೆ ಯಾರಿಗೆ ಬೇಕು?” ಎಂದ ಮುದುಕ.

ಕಿವಿಗೆ ಬ್ರಿನ್ ಮನೆಯ ಗುರುತು ಹಾಕಿ ಕುರಿಗಳನ್ನು ಬೆಟ್ಟಕ್ಕೆ ಬಿಟ್ಟರು. ಮಾರನೆಯ ಬೆಳಗ್ಗೆ ಅವೆಲ್ಲ ಹೊಳೆ ದಾಟಿ ಐನಿಯನ್‌ನ ಅಂಗಳದಲ್ಲಿ ನಿಂತಿದ್ದವು. ಮುಂದಾಳು ಒಂದು ಮುರಿದ ಕೊಂಬಿನ ಕುರಿ. ಲೌರಿ ಹೋಗಿ ಹೊಡೆದುಕೊಂಡು ಬಂದಳು. ಮತ್ತೆ ಹೋದವು. ಮತ್ತೆ ತಂದಳು. ಆ ಬೇಸಿಗೆಯಿಡೀ ಅವಳಿಗೆ ಅದೇ ಕೆಲಸವಾಯಿತು. ಹೊಳೆಯ ಕಡೆಗಿನ ಇಳಿಜಾರಿನಲ್ಲಿ ಹೆಸರಿಲ್ಲದ ಒಂದು ಕಲ್ಲಿತ್ತು. ಅಲ್ಲಿಂದ ಕುರಿಗಳು ತಿರುಗಬೇಕು, ಅದೇ ಗಡಿ. ಅವಳು ಬೆಳಗ್ಗೆ ಬಂದು ಅದಕ್ಕೆ ಒರಗಿ ನಿಂತು ಹೆಣೆಯುತ್ತಿದ್ದಳು. ಮುರಿದಕೊಂಬಿನದು ಹತ್ತಿರ ಬಂದರೆ ತೋಳು ಅಗಲಿಸಿ ಅಡ್ಡ ನಿಲ್ಲುತ್ತಿದ್ದಳು. ಒಂದು ಭಾನುವಾರವಂತೂ ಅವಳು ಆರಾಧನೆಗೆ ಬಂದದ್ದನ್ನೇ ನೋಡಿಕೊಂಡು ಇಡೀ ಮಂದೆ ಬೆಟ್ಟ ಇಳಿದು, ಹತ್ತಿರದ ದಾರಿಯೆಂದು ಚರ್ಚಿನ ಅಂಗಳದ ನಡುವಿನಿಂದಲೇ ಕೂಮ್ ಕಡೆಗೆ ಹೊರಟಿತು. ಒಳಗಿದ್ದ ನಾಯಿಗಳೆಲ್ಲ ಒಮ್ಮೆಗೇ ಎದ್ದವು. ಇಕ್ಕಳ ಹಿಡಿದವನು ಯಾವುದನ್ನು ಮೊದಲು ಹಿಡಿಯುವುದೆಂದು ತಿಳಿಯದೆ ಕೊನೆಗೆ ಹಾಡುವವನೊಬ್ಬನ ಅಂಗಿಯನ್ನೇ ಹಿಡಿದೆಳೆದನಂತೆ. ಜನ ನಕ್ಕರು. ಬಾಗಿಲಲ್ಲಿ ಐನಿಯನ್ ಲೌರಿಯನ್ನು ತಡೆದು, ಮೂರು ತಿಂಗಳಿಂದ ನೋಡುತ್ತಿದ್ದೇನೆ, ಆ ಕಲ್ಲಿಗೆ ಒರಗಿ ಒಂದೊಂದೇ ಕಾಲುಚೀಲ ಹೆಣೆಯುತ್ತೀಯಲ್ಲ, ಜೋಡಿಯ ಇನ್ನೊಂದನ್ನು ಆ ಕಲ್ಲಿಗೇ ತೊಡಿಸುತ್ತೀಯೋ ಎಂದು ಕೇಳಿದ. ಎಲ್ಲರ ಜೊತೆ ಅವಳೂ ನಕ್ಕಳು. ಎಲ್ಲರೂ ಹೋದ ಮೇಲೆ ಮಾತ್ರ ಪಾದ್ರಿ ಟೈಲೊ ಅವರ ಬಳಿಗೆ ಹೋಗಿ ಕಣ್ಣೀರು ಹಾಕಿದಳು. ಸ್ವಾಮಿ, ಈ ಕುರಿಗಳು ತಮ್ಮ ಹಳೆಯ ಮನೆಯನ್ನು ಮರೆಯುವಂತೆ ಪ್ರಾರ್ಥನೆ ಮಾಡಿ ಎಂದು ಬೇಡಿಕೊಂಡಳು.

ಪಾದ್ರಿ ಟೈಲೊ ವಯಸ್ಸಾದವರು, ತಾವೂ ಕುರಿಗಾಹಿಯ ಮಗ.

“ಮಗಳೇ, ಹುಟ್ಟಿದ ಮನೆ ಮರೆಯಲಿ ಎಂದು ನಾನು ಯಾವ ಜೀವಕ್ಕೂ ಪ್ರಾರ್ಥಿಸಲಾರೆ. ದೇವರು ಅಂಥದ್ದನ್ನು ಕೊಡುವವನೂ ಅಲ್ಲ. ಇಲ್ಲಿಯೂ ಒಂದು ಮನೆ ಆಗಲಿ ಎಂದು ಬೇಕಾದರೆ ಕೇಳೋಣ.”

ಈ ಮಾತನ್ನು ಅವಳು ಮನೆಗೆ ಬಂದು ಮಾವನಿಗೆ ಹೇಳಿದಳು. ಇಥೆಲ್ ಆ ಬೇಸಿಗೆಯಿಡೀ ಬಾಗಿಲ ಬಳಿ ಕೂತು, ಸೊಸೆ ಬೆಟ್ಟ ಹತ್ತಿಳಿಯುವುದನ್ನು ನೋಡುತ್ತ, ಊಟವನ್ನೂ ಅರ್ಧಕ್ಕೆ ಬಿಡುತ್ತ ಕಳೆದಿದ್ದ.

“ಹೆಮ್ಮೆಗೆ ಕೊಂಡೆ, ಲೌರಿ. ನಾನು ಕೊಂಡದ್ದನ್ನು ನೀನು ಕಾಲಲ್ಲಿ ತೀರಿಸುತ್ತಿದ್ದೀಯ” ಎಂದ.

“ಅದಿರಲಿ ಮಾವ. ಪಾದ್ರಿಗಳು ಹೇಳಿದ್ದಕ್ಕೆ ಏನು ಮಾಡೋಣ, ಅದನ್ನು ಹೇಳಿ.”

“ಮಾಡುವುದು ಏನಿದೆ? ಇವು ಕಲಿಯುವ ವಯಸ್ಸು ದಾಟಿದವು. ಹುಟ್ಟಬೇಕಾದವು ಇನ್ನೂ ಹುಟ್ಟಿಲ್ಲವಲ್ಲ” ಎಂದು ಮುದುಕ ನಿಧಾನವಾಗಿ ಹೇಳಿದ.

ಮರಿ ಹಾಕುವ ಕಾಲಕ್ಕೆ ಕುರಿಗಳನ್ನು ಬೆಟ್ಟದಿಂದ ಇಳಿಸಿ ಮನೆಯ ಹಿಂದಿನ ದೊಡ್ಡಿಗೆ ತರುವುದು ಎಲ್ಲರ ಪದ್ಧತಿ. ಆ ವಸಂತದಲ್ಲಿ ಬ್ರಿನ್ ಮನೆಯವರು ಇಳಿಸಲಿಲ್ಲ. ಮರಿಗಳು ಆ ಇಳಿಜಾರಿನಲ್ಲೇ ಹುಟ್ಟಲಿ, ಕಣ್ಣು ಬಿಟ್ಟಾಗ ಕಾಣುವುದು ಅದೇ ನೆಲವಾಗಲಿ ಎಂಬುದು ಮುದುಕನ ಲೆಕ್ಕ. ಲೌರಿ ಗಾಳಿಗೆ ಮರೆಯಾಗಿ ಕಲ್ಲು ಪೇರಿಸಿ, ಮೇಲೆ ಹುಲ್ಲುಹೆಂಟೆ ಹೊದಿಸಿ ಒಂದು ಗೂಡು ಕಟ್ಟಿದಳು. ಬೆಟ್ಟದ ಜೌಗಿನಲ್ಲಿ ಕಡಿದು ಒಣಗಿಸಿ ಒಲೆಗೆ ಉರಿಸುವ ಮಣ್ಣಿನ ಹೆಂಟೆ ಸಾಗಿಸುವ, ಗಾಲಿಯಿಲ್ಲದ ಜಾರುಬಂಡಿಗೆ ಕುದುರೆ ಹೂಡಿ, ಅದರಲ್ಲಿ ಮಾವನನ್ನು ಕಂಬಳಿ ಸುತ್ತಿ ಕೂರಿಸಿ ಮೇಲಕ್ಕೆ ಎಳೆತಂದಳು. ಮರಿ ಅಡ್ಡವಾದರೆ ತಿರುಗಿಸಿ ತೆಗೆಯುವ ಕೈ ಆ ಸೀಮೆಯಲ್ಲಿ ಅವನದೊಂದೇ. ಊರಿನವರು ಕೆಳಗಿನಿಂದ ನೋಡಿ, ಮುದುಕನಿಗೆ ಪಾದದ ಜೊತೆ ಬುದ್ಧಿಯೂ ಹೋಯಿತು ಎಂದುಕೊಂಡರು. ಗಾಳಿ ಬೀಸಿತು, ಆಲಿಕಲ್ಲು ಬಿತ್ತು, ಕೆಲವು ಮರಿ ಉಳಿಯಲಿಲ್ಲ. ಒಂದನ್ನು ಇಥೆಲ್ ತನ್ನ ಅಂಗಿಯೊಳಗೆ ಇಟ್ಟುಕೊಂಡು ಮಧ್ಯಾಹ್ನದವರೆಗೆ ಉಜ್ಜಿ ಉಜ್ಜಿ ಬದುಕಿಸಿದ. ಅದು ಎದ್ದು ನಿಂತದ್ದೇ ಅವನ ಮೋಟುಗಾಲನ್ನು ಮೊಲೆಯೆಂದು ಚೀಪತೊಡಗಿದಾಗ, ಮಗ ಸತ್ತ ಮೇಲೆ ಮೊದಲ ಬಾರಿಗೆ ಆ ಮನುಷ್ಯ ಜೋರಾಗಿ ನಕ್ಕದ್ದನ್ನು ಲೌರಿ ಕೇಳಿದಳು. ತಾಯಿಕುರಿಗಳು ಆಗಲೂ ಹೊಗೆಯ ಕಡೆಗೆ ಹೊರಡುತ್ತಿದ್ದವು. ಅವಳು ಆಗಲೂ ಕಲ್ಲಿನ ಬಳಿ ಅಡ್ಡ ನಿಲ್ಲುತ್ತಿದ್ದಳು. ಮರಿಗಳು ಮಾತ್ರ, ತಾಯಿಗಳು ಅಲ್ಲಿ ದಿನವೂ ಹಿಂದಿರುಗುವುದನ್ನು ಕಂಡು, ಕಲ್ಲು ಬಂದರೆ ತಿರುಗುವುದೇ ಲೋಕದ ರೀತಿ ಎಂದು ತಿಳಿದು ಬೆಳೆದವು. ಮುಂದಿನ ವಸಂತವೂ ಹೀಗೆಯೇ ನಡೆಯಿತು.

ಮೂರನೆಯ ಬೇಸಿಗೆ, ಸಂತ ನೆಸ್ಟಾಳ ಹಬ್ಬ ಬಂತು. ಅವತ್ತು ಬೆಳಗ್ಗೆ ಲೌರಿ ಎಂದಿನಂತೆ ಕಲ್ಲಿನ ಬಳಿ ಹೋದಳು, ಎಂದಿನಂತೆ ಪ್ರಾರ್ಥನೆ ಮಾಡಿದಳು. ಆಮೇಲೆ ಕೈಯಲ್ಲಿದ್ದ ಅರೆಹೆಣೆದ ಕಾಲುಚೀಲವನ್ನು ಕಡ್ಡಿಗಳ ಸಮೇತ ಕಲ್ಲಿನ ನೆತ್ತಿಯ ಮೇಲಿಟ್ಟು ಚರ್ಚಿಗೆ ಇಳಿದಳು. ಏಕೆ ಇಟ್ಟಳೋ ಗೊತ್ತಿಲ್ಲ. ಬರಿಗೈಯಲ್ಲಿ ದೇವರ ಮುಂದೆ ನಿಲ್ಲಬೇಕೆನ್ನಿಸಿರಬೇಕು ಎನ್ನುತ್ತಾಳೆ ಮೈರ್ವೆನ್. ಪಾರುಪತ್ಯಗಾರನ ಅಪ್ಪಣೆಯಂತೆ ಊರಿನ ಜನರೆಲ್ಲ ಆರಾಧನೆಯಲ್ಲಿದ್ದರು, ನಾಯಿಗಳೂ ಒಳಗಿದ್ದವು. ಬೆಟ್ಟದ ಮೇಲೆ ದೇವರನ್ನು ಬಿಟ್ಟು ಕಾಯುವವರು ಇರಲಿಲ್ಲ. ಆರಾಧನೆ ಮುಗಿದ ಮೇಲೆ ನಾಯಿಗಳನ್ನು ಒಳಗೇ ಕೂಡಿಹಾಕಿ, ಇಥೆಲನನ್ನು ಜಾರುಬಂಡಿಯಲ್ಲಿ ಕೂರಿಸಿಕೊಂಡು, ಎಲ್ಲರೂ ಹೊಳೆಗೂ ಕಲ್ಲಿಗೂ ಎದುರಾದ ದಿಣ್ಣೆ ಹತ್ತಿದರು.

ಕಂಡ ನೋಟ ಒಳ್ಳೆಯದಾಗಿರಲಿಲ್ಲ. ಕಾಯುವವಳಿಲ್ಲ ಎಂದು ತಿಳಿದ ಮುರಿದಕೊಂಬಿನ ಕುರಿ ಹಳೆಯ ತಾಯಿಕುರಿಗಳನ್ನೆಲ್ಲ ಕರೆದುಕೊಂಡು ಕಲ್ಲು ದಾಟಿ ಹೊಳೆಯ ಕಡೆಗೆ ಇಳಿಯುತ್ತಿತ್ತು. ಲೌರಿಯ ಕಾಲು ತಾನಾಗಿ ಮುಂದಕ್ಕೆ ಹೋಯಿತು. ಪಾರುಪತ್ಯಗಾರ ಕೋಲು ಅಡ್ಡ ಹಿಡಿದು, ಇಲ್ಲೇ ನಿಲ್ಲಬೇಕಮ್ಮ ಎಂದ. ಮುರಿದಕೊಂಬಿನದು ನೀರಿಗೆ ಮುಂಗಾಲಿಟ್ಟಿತು. ಆಗ ಹಿಂದಿನಿಂದ ಒಂದು ಮರಿ ಅರಚಿತು. ಮರಿಗಳೂ, ಹಿಂದಿನ ವರ್ಷ ಹುಟ್ಟಿ ಬೆಳೆದ ಕುರಿಗಳೂ ಕಲ್ಲಿನ ಸಾಲಿಗೆ ಬಂದು ನಿಂತುಬಿಟ್ಟಿದ್ದವು. ಗೆರೆ ಎಳೆದ ಹಾಗೆ ನಿಂತಿದ್ದವು. ಒಂದೂ ಮುಂದೆ ಹೆಜ್ಜೆ ಇಡಲಿಲ್ಲ. ತಾಯಂದಿರು ಕೆಳಗಿನಿಂದ ಬಾ ಎಂದು ಕೂಗಿದವು, ಮರಿಗಳು ಮೇಲಿನಿಂದ ಬಾ ಎಂದು ಕೂಗಿದವು. ಆ ಕೂಗು ಕಣಿವೆಯೆಲ್ಲ ತುಂಬಿತು. ಆ ಕುರಿಗಳು ಐನಿಯನ್‌ನ ಸಿಳ್ಳೆಗೆ ಹುಟ್ಟಿನಿಂದ ಓಡಿಬಂದು ಅಭ್ಯಾಸವಾದವು ಎಂಬುದು ಅಲ್ಲಿದ್ದವರಿಗೆಲ್ಲ ಗೊತ್ತಿತ್ತು. ಅವನೊಂದು ಸಿಳ್ಳೆ ಹಾಕಿದರೆ ಸಾಕು, ಮುರಿದಕೊಂಬಿನದು ಹೊಳೆ ದಾಟುತ್ತಿತ್ತು, ಬೆಟ್ಟ ಅವನದಾಗುತ್ತಿತ್ತು. ಇಥೆಲ್ ಜಾರುಬಂಡಿಯಲ್ಲಿ ಕೂತಲ್ಲಿಂದಲೇ ಅವನ ಮುಖ ನೋಡಿದ. ಐನಿಯನ್ ತಲೆಯ ಮೇಲಿನ ಟೊಪ್ಪಿಗೆ ತೆಗೆದು, ಅದರ ಅಂಚನ್ನು ಹಲ್ಲಿನಲ್ಲಿ ಕಚ್ಚಿಕೊಂಡು ನಿಂತ.

ಮುರಿದಕೊಂಬಿನ ಕುರಿ ನೀರಿನಲ್ಲಿ ನಿಂತು ಹೊಗೆಯ ಕಡೆಗೊಮ್ಮೆ ನೋಡಿತು. ಹಿಂದಕ್ಕೊಮ್ಮೆ ನೋಡಿತು. ಆಮೇಲೆ ಮುಂಗಾಲು ಹೊರಗೆಳೆದುಕೊಂಡು ತಿರುಗಿ, ಇಳಿಜಾರು ಹತ್ತಿತು. ಅದರ ಹಿಂದೆ ಒಂದೊಂದಾಗಿ ಉಳಿದವೂ ಹತ್ತಿದವು. ಮರಿಗಳು ಓಡಿ ಬಂದು ಹೊಟ್ಟೆಗೆ ಗುದ್ದಿ ಗುದ್ದಿ ಹಾಲು ಕುಡಿದವು, ಬಾಲ ಅಲ್ಲಾಡಿಸಿದವು. ಸ್ವಲ್ಪ ಹೊತ್ತಿಗೆ ಮಂದೆಯೆಲ್ಲ ತಲೆ ತಗ್ಗಿಸಿ ಮೇಯತೊಡಗಿತು, ಏನೂ ನಡೆದೇ ಇಲ್ಲ ಎಂಬಂತೆ. ಕಾಲುಚೀಲದ ಉಣ್ಣೆಯಲ್ಲಿದ್ದ ಲೌರಿಯ ಕೈಯ ವಾಸನೆಗೆ ಮರಿಗಳು ನಿಂತವು ಎಂದು ಕೆಲವರು ಹೇಳುತ್ತಾರೆ. ಸಂತ ನೆಸ್ಟಾ ತಾನೇ ಅಲ್ಲಿ ಬಂದು ನಿಂತಿದ್ದಳು, ಮರಿಗಳ ಕಣ್ಣಿಗೆ ಮಾತ್ರ ಕಂಡಳು ಎಂದು ಹೇಳುವವರೂ ಇದ್ದಾರೆ. ಎರಡರಲ್ಲಿ ಯಾವುದು ನಿಜವಾದರೂ ಮಾಡಿಸಿದ ದೇವರು ಒಬ್ಬನೇ ಆದ್ದರಿಂದ ಆ ಊರಿನವರು ಇದಕ್ಕಾಗಿ ವಾದ ಮಾಡುವುದಿಲ್ಲ.

ಪಾರುಪತ್ಯಗಾರ ಅಲ್ಲಿಯೇ ಕೂತು ಗಡಿಯ ಪತ್ರ ಬರೆಯತೊಡಗಿದ. ಬ್ರಿನ್ ಮನೆಯ ಪಾಲು ಮೇಲೆ ಕೋಡುಗಲ್ಲಿನಿಂದ ಕೆಳಗೆ ಎಲ್ಲಿಯವರೆಗೆ, ಮರಿಗಳು ನಿಂತ ಆ ಕಲ್ಲಿಗೆ ಹೆಸರೇನು ಎಂದು ಕೇಳಿದ. ಲೌರಿ ಮಂಡಿಯೂರಿ ಮುಖ ಮುಚ್ಚಿಕೊಂಡಿದ್ದಳು. ಅದಕ್ಕೆ ಹೆಸರಿಲ್ಲ ಎಂದು ಯಾರೋ ಅಂದರು.

“ಹೆಸರಿಲ್ಲದೆ ಏನು?” ಎಂದ ಐನಿಯನ್, ಬಾಯಿಂದ ಟೊಪ್ಪಿಗೆ ತೆಗೆದು. “ಕಾಲುಚೀಲದ ಕಲ್ಲು ಅಂತ ಬರೆದುಕೊಳ್ಳಿ. ಮೂರು ಬೇಸಿಗೆಯಿಂದ ನಾನು ಹಾಗೇ ಕರೆಯುತ್ತಿದ್ದೇನೆ.”

ಅವನು ನಗಿಸಲು ಇಟ್ಟುಕೊಂಡಿದ್ದ ಹೆಸರು ಹಾಗೆ ಪತ್ರಕ್ಕೆ ಸೇರಿತು. ಅವತ್ತು ಮಾತ್ರ ಯಾರೂ ನಗಲಿಲ್ಲ. ದಿಣ್ಣೆಯಿಂದ ಇಳಿಯುವಾಗ ಜಾರುಬಂಡಿಯ ಹಗ್ಗ ಹಿಡಿದವನು ಐನಿಯನ್ನೇ. ಅಜ್ಜ, ನಿನ್ನ ಹುಲ್ಲಿನ ರುಚಿ ಅವಕ್ಕೆ ಕೊನೆಗೂ ಹತ್ತಿತಪ್ಪ ಎಂದು ಅವನು ಹೇಳಿದ್ದಕ್ಕೆ, ಹುಲ್ಲಿನ ಸುದ್ದಿ ಇನ್ನು ನನ್ನ ಹತ್ತಿರ ಎತ್ತಬೇಡ ಎಂದನಂತೆ ಇಥೆಲ್. ಮುದುಕ ಅದಾದ ಮೇಲೆ ಎಂಟು ವರ್ಷ ಬದುಕಿದ. ಲೌರಿ ಊರಿನ ಎಲ್ಲರಿಗಿಂತ ಹೆಚ್ಚು ವರ್ಷ ಬದುಕಿದಳು, ಆ ಬೆಟ್ಟವನ್ನು ಬಿಟ್ಟು ಎಲ್ಲಿಗೂ ಹೋಗಲಿಲ್ಲ ಎನ್ನುತ್ತಾರೆ.

ಬ್ರಿನ್ ಮನೆ ಈಗ ಆ ಮನೆತನದವರ ಕೈಯಲ್ಲಿಲ್ಲ. ನಾಲ್ಕಾರು ಸಲ ಕೈಬದಲಾಗಿದೆ. ಮಂದೆ ಮಾತ್ರ ಅದೇ. ಬಿಸಿಲಿಳಿದ ಮೇಲೆ ಕಲ್ಲಿನ ಬಳಿಗೆ ಏರಿದವರು ಸ್ವಲ್ಪ ಹೊತ್ತು ಸದ್ದು ಮಾಡದೆ ಕುಳಿತರೆ ನೋಡಬಹುದು. ತಾಯಿಕುರಿಯೊಂದು ಮೇಯುತ್ತ ಮೇಯುತ್ತ ಇಳಿಜಾರಿನಲ್ಲಿ ಕಲ್ಲಿನವರೆಗೆ ಬರುತ್ತದೆ. ಮುಂದೆಯೂ ಅದೇ ಹುಲ್ಲು, ಅಷ್ಟೇ ಹಸಿರು. ತಡೆಯುವ ಬೇಲಿಯಿಲ್ಲ, ಕೂಗುವ ಮನುಷ್ಯನಿಲ್ಲ. ಯಾರೋ ತೋಳು ಅಗಲಿಸಿ ನಿಂತದ್ದನ್ನು ಕಂಡಂತೆ ಅದು ತಲೆಯೆತ್ತುತ್ತದೆ, ಒಂದು ಕ್ಷಣ ನಿಲ್ಲುತ್ತದೆ, ತಿರುಗುತ್ತದೆ. ಹಿಂದೆ ಬರುತ್ತಿದ್ದ ಮರಿ ಏಕೆಂದು ಕೇಳದೆ ತಾನೂ ತಿರುಗುತ್ತದೆ.